ತುರ್ತು ಬಾಗಿಲಿಗೆ ಅಡ್ಡ ಹಾಕಿದ ಬೆಂಚು

ಕೊರೊನಾ ಮುಗಿದು ಶಾಲೆಗಳು ಮತ್ತೆ ತೆರೆದ ವರ್ಷ. ಬೈಲಹೊಂಗಲ, ಕಿತ್ತೂರು, ಸವದತ್ತಿ, ರಾಮದುರ್ಗ ತಾಲ್ಲೂಕುಗಳಿಗೆ ನಾನು ಮೋಟಾರು ವಾಹನ ನಿರೀಕ್ಷಕನಾಗಿದ್ದೆ. ನಿವೃತ್ತಿಗೆ ನಾಲ್ಕು ವರ್ಷ ಉಳಿದಿತ್ತು. ಶೆಡ್ಡಿನಲ್ಲಿ ನಿಂತು ತುಕ್ಕು ಹಿಡಿದಿದ್ದ ಶಾಲಾ ಬಸ್ಸುಗಳೆಲ್ಲ ಒಂದೇ ಸಲ ಫಿಟ್‌ನೆಸ್ ಸರ್ಟಿಫಿಕೇಟಿಗೆ ಬಂದು ಸಾಲು ನಿಂತವು. ನಮ್ಮ ಕಡೆ ಇದಕ್ಕೆ ‘ಪಾಸಿಂಗ್’ ಅನ್ನುತ್ತಾರೆ.

ಶಾಲಾ ಬಸ್ಸಿಗೆ ನಿಯಮಗಳು ಬಹಳ. ಹಳದಿ ಬಣ್ಣ, ಕಿಟಕಿಗೆ ಅಡ್ಡ ಸರಳು, ವೇಗ ಮಿತಿ ಮೀರದಂತೆ ಸ್ಪೀಡ್ ಗವರ್ನರ್, ಬೆಂಕಿ ಆರಿಸುವ ಸಿಲಿಂಡರ್ ಇರಲೇಬೇಕು. ಮುಖ್ಯವಾಗಿ ತುರ್ತು ಬಾಗಿಲು ಬೇಕು. ಬಸ್ಸು ಮಗುಚಿದರೆ ಮಕ್ಕಳು ಹೊರಬರುವ ದಾರಿ ಅದೊಂದೇ. ನಿಯಮದ ವಿಷಯದಲ್ಲಿ ನಾನು ಮಹಾ ಖಡಕ್ ಎಂದು ಹೆಸರಾಗಿದ್ದೆ. ಆ ಹೆಸರಿನ ಜಂಬವೂ ನನಗಿತ್ತು, ಸುಳ್ಳು ಯಾಕೆ ಹೇಳಲಿ.

ಸಂಪಗಾಂವದ ಆಚೆಗಿನ ಒಂದು ಖಾಸಗಿ ಶಾಲೆಯ ಬಸ್ಸನ್ನು ಅದರ ಡ್ರೈವರ್ ರಾಜೇಸಾಬ ತಂದಿದ್ದ. ಮುರಗೋಡದವನು, ಐವತ್ತರ ಆಸುಪಾಸಿನ ಮೆತ್ತನೆಯ ಮನುಷ್ಯ. ಹಿಂಬದಿಯ ತುರ್ತು ಬಾಗಿಲು ಹಿಡಿಕೆ ತಿರುವಿದ ಕೂಡಲೇ ತೆರೆಯಿತು. ಅದರ ಮುಂದೆ ನೆಲದಲ್ಲಿ ಮಾತ್ರ ನಾಲ್ಕು ಬೋಲ್ಟಿನ ತೂತುಗಳಿದ್ದವು. ನಾನು ಬಗ್ಗಿ ನೋಡುತ್ತಿದ್ದಾಗ ಅವನು ಪಕ್ಕಕ್ಕೆ ಬಂದ.

“ಸಾಹೇಬ್ರ, ಪಾಸಿಂಗ್ ಆದ ಕೂಡ್ಲೇ ಇಲ್ಲಿ ಬೆಂಚ್ ಕುಂದರಸ್ತಾರ್ರಿ. ಬಾಗಿಲಾ ತೆರಿಯಾಕ ಬರೂದಿಲ್ಲ. ನನ್ನ ಮಾತ ಅವರು ಕೇಳಂಗಿಲ್ಲ. ನೀವರ ಒಂದ ಮಾತ ಬರೀರಿ.”

ಪಾಸಿಂಗಿಗೆ ಬೆಂಚು ಬಿಚ್ಚಿಡುವುದು, ಹೆಚ್ಚು ಮಕ್ಕಳನ್ನು ತುಂಬಲು ಮರುದಿನ ಮತ್ತೆ ಜಡಿಯುವುದು ನಮ್ಮ ಭಾಗದಲ್ಲಿ ನಡೆದೇ ಇತ್ತು. ನನಗೂ ಗೊತ್ತಿತ್ತು. ಆದರೆ ಹಿಂದೆ ಇನ್ನೂ ಹನ್ನೊಂದು ಗಾಡಿಗಳು ನಿಂತಿದ್ದವು. “ಇವತ್ತ ಇಲ್ಲಲ್ಲ? ನಾ ಇದ್ದದ್ದಷ್ಟ ನೋಡಾಂವ,” ಎಂದು ಸಹಿ ಹಾಕಿದೆ. ನಾಳೆ ಏನು ಹಾಕುತ್ತಾರೆ ಎಂಬುದಕ್ಕೆ ಫಾರಂನಲ್ಲಿ ಕಾಲಂ ಇರಲಿಲ್ಲ.

ಅದೇ ವರ್ಷದ ಕಬ್ಬಿನ ಹಂಗಾಮಿನಲ್ಲಿ, ಮಂಜು ಮುಸುಕಿದ ಒಂದು ಬೆಳಿಗ್ಗೆ, ಎಂ.ಕೆ. ಹುಬ್ಬಳ್ಳಿಯ ಸಕ್ಕರೆ ಕಾರ್ಖಾನೆ ಕಡೆ ಹೊರಟಿದ್ದ ಕಬ್ಬಿನ ಟ್ರೇಲರೊಂದು ರಸ್ತೆಗೆ ಅಡ್ಡ ವಾಲಿತು. ಅದನ್ನು ತಪ್ಪಿಸಲು ಹೋಗಿ ರಾಜೇಸಾಬನ ಬಸ್ಸು ತಗ್ಗಿಗೆ ಮಗುಚಿತು. ಹತ್ತುವ ಬಾಗಿಲು ಅಡಿಗೆ ಬಿತ್ತು. ಹಿಂದೆ ಬೆಂಚು. ಊರವರು ಮುಂದಿನ ಗಾಜು ಒಡೆದು ಮಕ್ಕಳನ್ನು ಒಬ್ಬೊಬ್ಬರನ್ನಾಗಿ ಎಳೆದರು. ಕಟ್ಟಕಡೆಗೆ ಸಿಕ್ಕವಳು ಬೆಂಚಿನಲ್ಲಿ ಕೂತಿದ್ದ ಮೂರನೇ ತರಗತಿಯ ಹುಡುಗಿ. ಅಷ್ಟೊತ್ತಿಗೆ ಅವಳ ಉಸಿರು ನಿಂತಿತ್ತು.

ಅಪಘಾತವಾದ ಗಾಡಿಯನ್ನು ಪರೀಕ್ಷಿಸಿ ವರದಿ ಕೊಡುವುದೂ ನಿರೀಕ್ಷಕನ ಕೆಲಸವೇ. ಒಳಗೆ ಇಣುಕಿದೆ. ಅದೇ ನಾಲ್ಕು ತೂತು, ಬಿಗಿಯಾದ ನಾಲ್ಕು ಬೋಲ್ಟು. ಬ್ರೇಕ್ ಸರಿ, ಸ್ಟಿಯರಿಂಗ್ ಸರಿ, ತುರ್ತು ಬಾಗಿಲಿಗೆ ಅಡ್ಡ ಬೆಂಚು ಎಂದು ಬರೆದೆ. ಅದನ್ನು ಡ್ರೈವರೇ ತಮಗೆ ತಿಳಿಸದೆ ಹಾಕಿಸಿದ್ದ ಎಂದು ಶಾಲೆಯ ಕಾರ್ಯದರ್ಶಿ ಪೊಲೀಸರಿಗೆ ಹೇಳಿಕೆ ಕೊಟ್ಟು ಕೈ ತೊಳೆದುಕೊಂಡರು. ರಾಜೇಸಾಬ ಮಾತ್ರ, ಅಲ್ಲ, ಪಾಸಿಂಗ್ ದಿನವೇ ಆರ್‌ಟಿಒ ಇನ್ಸ್‌ಪೆಕ್ಟರ್ ಸಾಹೇಬರಿಗೆ ಹೇಳಿದ್ದೆ ಎಂದ. ಅದು ನಿಜವೆಂದು ಹೇಳಬಲ್ಲವನು ನಾನೊಬ್ಬನೇ ಇದ್ದೆ.

ಎರಡು ವರ್ಷದ ಮೇಲೆ, ರಾಜೇಸಾಬನ ಮೇಲೆ ಹಾಕಿದ ಕೇಸಿನಲ್ಲಿ ನಾನು ಕೋರ್ಟಿಗೆ ಸಾಕ್ಷಿಯಾಗಿ ಹೋದಾಗ, ಅವನ ವಕೀಲರು ನೇರವಾಗಿ ಕೇಳಿದರು: ಪಾಸಿಂಗ್ ದಿನ ಈ ಬೆಂಚಿನ ವಿಷಯ ಅವನು ನಿಮಗೆ ಹೇಳಿದ್ದನೇ? ನಾನು ಹೌದೆಂದರೆ ಗೊತ್ತಿದ್ದೂ ಸಹಿ ಹಾಕಿದ್ದಕ್ಕೆ ಇಲಾಖಾ ವಿಚಾರಣೆ, ಪಿಂಚಣಿಗೆ ಕುತ್ತು.

“ನೆನಪಿಲ್ಲ,” ಎಂದೆ.

ಹೊರಗೆ ವರಾಂಡದಲ್ಲಿ ರಾಜೇಸಾಬನೇ ಹತ್ತಿರ ಬಂದ. ಬೈದಿದ್ದರೆ ಎಷ್ಟೋ ಚೆನ್ನಾಗಿತ್ತು. “ಇರ್ಲಿ ಬಿಡ್ರಿ ಸಾಹೇಬ್ರ. ನಿಮಗೂ ಮನಿ ಮಕ್ಕಳು ಅದಾರ,” ಎಂದು ಹೇಳಿ ಹೋದ. ಅವನಿಗೆ ಶಿಕ್ಷೆಯಾಯಿತು, ಲೈಸೆನ್ಸ್ ಹೋಯಿತು. ಈಗ ಸವದತ್ತಿ ಪೇಟೆಯಲ್ಲಿ ಹಮಾಲಿ ಮಾಡುತ್ತಾನೆಂದು ಕೇಳಿದ್ದೇನೆ. ಆ ಕಡೆ ಹೋಗಲು ನನಗೆ ಮುಖವಿಲ್ಲ.

ಗಾಡಿಯನ್ನು ನೋಡುವ ಮೊದಲು ಅದನ್ನು ಓಡಿಸುವವನ ಮಾತು ಕೇಳಬೇಕು. ಮೂವತ್ತು ವರ್ಷದ ನೌಕರಿ ಇಷ್ಟು ತಡವಾಗಿ ಕಲಿಸಿದ ಪಾಠ ಇದು. ಉಳಿದ ಸರ್ವಿಸಿನಲ್ಲಿ ಪ್ರತಿ ಶಾಲಾ ಬಸ್ಸಿನ ಡ್ರೈವರನನ್ನೂ ಪಕ್ಕಕ್ಕೆ ಕರೆದು, ನಾನು ಹೋದ ಮೇಲೆ ಒಳಗೆ ಏನು ಹಾಕುತ್ತಾರೆ ಎಂದು ಕೇಳುತ್ತಿದ್ದೆ. ಆದರೆ ರಾಜೇಸಾಬನ ಗತಿ ಅವರಿಗೆಲ್ಲ ಗೊತ್ತಿತ್ತು. “ಏನೂ ಇಲ್ಲರಿ ಸಾಹೇಬ್ರ,” ಎನ್ನುವುದನ್ನು ಬಿಟ್ಟು ಒಬ್ಬರೂ ಬೇರೆ ಉತ್ತರ ಕೊಡಲಿಲ್ಲ.