ಕೊಳ್ಳೇಗಾಲದ ಮಗ್ಗದ ಪಕ್ಕ ಹಾರ್ಪ್ಸಿಕಾರ್ಡ್

ಹನೂರಿನ ಬಸ್ಸಿಗೆ ಇನ್ನೂ ಹೊತ್ತಿತ್ತು. ಕೊಳ್ಳೇಗಾಲದ ಬೀದಿಯೊಂದರಲ್ಲಿ ರೇಷ್ಮೆ ಸೀರೆ ನೇಯುತ್ತಿದ್ದ ರಾಚಪ್ಪನವರ ಮಗ್ಗದ ಪಕ್ಕ ಕೂತೆ. ನನ್ನ ಮೊಬೈಲಿನಲ್ಲಿ ಬರುತ್ತಿದ್ದ ಹಾರ್ಪ್ಸಿಕಾರ್ಡ್ ಕೇಳಿ, "ವೀಣೆನಾ ಸಾ?" ಎಂದರು.

"ಪಿಯಾನೋ ಜಾತೀದು. ಅದರಲ್ಲಿ ಸುತ್ತಿಗೆ ತಂತಿಗೆ ಬಡಿಯುತ್ತೆ, ಇದರಲ್ಲಿ ಕಡ್ಡಿ ಮೇಲೆದ್ದು ತಂತಿ ಮೀಟುತ್ತೆ. ಕೀ ಎಷ್ಟು ಜೋರಾಗಿ ಒತ್ತಿದರೂ ಸದ್ದು ಅಷ್ಟೇ. ಅದೇ ಕೊರತೆ," ಎಂದೆ. ಪಿಯಾನೋ ಪಾಠದಲ್ಲಿ ವರ್ಷಗಳಿಂದ ನಾನು ಹೇಳುತ್ತಿರುವ ಮಾತು.

ಅವರು ಕಾಲುಮಣೆಯನ್ನು ಒಮ್ಮೆ ಮೆಲ್ಲಗೆ, ಒಮ್ಮೆ ಜೋರಾಗಿ ತುಳಿದರು. ಮಗ್ಗದ ಎಳೆಗಳು ಎರಡು ಸಲವೂ ಅಷ್ಟೇ ಎತ್ತರಕ್ಕೆ ಎದ್ದವು. "ನಮ್ದೂ ಅಂಗೇಯ. ಬಟ್ಟೆ ದಪ್ಪ ಬೇಕಂದ್ರೆ ಎಲ್ಡೆಳೆ ಜೊತೇಲಿ ಆಕ್ತೀವಿ. ಅದ್ರಲ್ಲಿ ಇಲ್ವಾ?"

ಇತ್ತು. ಒಂದೇ ಕೀಗೆ ಎರಡು ತಂತಿ ಮೀಟುವ ಭಾಗವನ್ನು ಮೊಬೈಲಿನಲ್ಲಿ ಹುಡುಕಿ ಕೇಳಿಸಿದೆ. ಸದ್ದು ತುಂಬಿಕೊಂಡಿತು.

"ಅಂಗಾರೆ ಕೊರ್ತೆ ಎಲ್ ಬಂತು ಸಾ?" ಎಂದು ಎಳೆಗಳ ನಡುವೆ ಲಾಳಿ ಎಸೆದರು.