ಹನ್ನೆರಡನೆಯ ಉದಾಹರಣೆ

ಕ್ರೇಯನ್‌ರೋಡ ಎಂಬ ಹಳ್ಳಿಯ ಪಾದ್ರಿ ಎಹ್ರೆನ್‌ಫ್ರೀಡ್ ಗುಡುಗಿನ ಉಪಕಾರಗಳ ಮೇಲೆ ಪುಸ್ತಕ ಬರೆಯುತ್ತಿದ್ದ. ಗುಡುಗಿದರೆ ಮಾತ್ರ ರಜಾಯಿಯೊಳಗೆ ತೂರಿಕೊಳ್ಳುತ್ತಿದ್ದ. ಬಾತುಗರಿ ತುಂಬಿದ ರಜಾಯಿಗೆ ಸಿಡಿಲು ತಾಕುವುದಿಲ್ಲ ಎಂದು ಅವನಿಗೆ ಯಾರೋ ಹೇಳಿದ್ದರು. ಗುಡುಗಿನಿಂದ ಗಾಳಿ ಶುದ್ಧವಾಗುತ್ತದೆ, ನೆಲಕ್ಕೆ ಸಾರ ಬರುತ್ತದೆ, ಪಾಪಿಗಳಿಗೆ ಎಚ್ಚರವಾಗುತ್ತದೆ ಎಂಬ ಅಧ್ಯಾಯಗಳನ್ನೆಲ್ಲ ಅವನು ಬರೆದದ್ದು ಮೋಡವೇ ಇಲ್ಲದ ದಿನಗಳಲ್ಲಿ. ಇಂಥವನ ಕೈಗೆ ಒಂದು ಇಡೀ ಊರಿನ ಸುಖದುಃಖಗಳ ಅರ್ಥ ಹೇಳುವ ಕೆಲಸ ಇಪ್ಪತ್ತಾರು ವರ್ಷ ಸಿಕ್ಕಿತ್ತು. ಆದರೆ ಈ ಕಥೆ ಅವನದಲ್ಲ. ಒಂದು ಕಥೆಗಾಗುವಷ್ಟು ಸರಕು ಆ ಮನುಷ್ಯನಲ್ಲಿ ಇರಲಿಲ್ಲ. ಇದು ಗಂಟೆಮನೆಯ ಸಿಬಿಲ್ಲಳದು.

ಸಿಬಿಲ್ಲ ಹಿಟ್ಟಿನ ಗಿರಣಿಯವನ ಮೂರನೆಯ ಮಗಳು. ಇಪ್ಪತ್ತಕ್ಕೆ ಲೊರೆಂಟ್ಸ್‌ನ ಕೈಹಿಡಿದಳು. ಅವನು ಚರ್ಚಿನ ಗಂಟೆ ಬಾರಿಸುವವನು, ಬೆಳಗಿನ ಹೊತ್ತು ಊರ ಮಕ್ಕಳಿಗೆ ಅಕ್ಷರ ಕಲಿಸುವವನು. ಮದುವೆಯಾದ ಮೊದಲ ಚಳಿಗಾಲದಲ್ಲೇ ಅವಳಿಗೂ ಓದು ಕಲಿಸಿದ. ಓದು ಬಂದ ಹೆಂಡತಿ ಗಂಡನನ್ನು ಮೀರುತ್ತಾಳೆ ಎಂದು ಊರು ಆಡಿಕೊಂಡಿತು. "ಮೀರ್ಲಿ ಬಿಡಿ, ಮುಂದೆ ನಡೆಯೋರು ಒಬ್ರು ಬೇಕಲ್ಲ" ಎಂದು ಲೊರೆಂಟ್ಸ್ ನಕ್ಕುಬಿಟ್ಟ.

ಅವನ ಕೆಲಸದಲ್ಲಿ ಒಂದೇ ಒಂದು ಭಾಗ ಅವಳಿಗೆ ಸೇರುತ್ತಿರಲಿಲ್ಲ. ಗುಡ್ಡದ ಮೇಲೆ ಕಪ್ಪು ಮೋಡ ಎದ್ದಕೂಡಲೇ ಗಂಟೆಯವನು ಗೋಪುರಕ್ಕೆ ಓಡಬೇಕು, ಮೋಡ ಚದುರುವ ತನಕ ದೊಡ್ಡ ಗಂಟೆಯ ಹಗ್ಗ ಎಳೆಯುತ್ತಲೇ ಇರಬೇಕು. ಗಂಟೆಯ ಸದ್ದಿಗೆ ಮೋಡ ಬಿರಿದು ಆಲಿಕಲ್ಲು ಪಕ್ಕದೂರಿನ ಹೊಲಕ್ಕೆ ಹೋಗುತ್ತದೆ ಎಂಬುದು ಅಜ್ಜನ ಕಾಲದ ನಂಬಿಕೆ. ಪಕ್ಕದೂರಿನವರೂ ತಮ್ಮ ಗಂಟೆ ಬಾರಿಸಿ ಅದೇ ಮೋಡವನ್ನು ಇತ್ತ ಅಟ್ಟುತ್ತಿದ್ದರು, ಅದು ಮಾತ್ರ ಯಾರ ತಲೆಗೂ ಹೋಗುತ್ತಿರಲಿಲ್ಲ. ಇದಕ್ಕಾಗಿ ಸುಗ್ಗಿಯಲ್ಲಿ ಪ್ರತಿ ಮನೆಯಿಂದ ಎರಡು ಸಿವುಡು ಬೆಳೆ ಬರುತ್ತಿತ್ತು. ಗೋಪುರದಲ್ಲಿ ಹಗ್ಗ ಎಳೆದವನಿಗೊಂದು, ರಜಾಯಿಯೊಳಗೆ ಮಲಗಿದವನಿಗೊಂದು.

ಸಾವಿರದ ಏಳುನೂರ ನಲವತ್ತಾರರ ಜೂನ್‌ನಲ್ಲಿ ಸಿಡಿಲು ನೆನೆದ ಹಗ್ಗದಗುಂಟ ಇಳಿದು ಬಂತು. ಸಿಬಿಲ್ಲಳಿಗೆ ಮೊದಲು ಸಿಕ್ಕಿದ್ದು ಒಂದು ಬೂಟು. ಅದು ಗೋಪುರದ ಬಾಗಿಲಾಚೆ ಹುಲ್ಲಿನಲ್ಲಿ ಬಿದ್ದಿತ್ತು. ಲೊರೆಂಟ್ಸ್ ಒಳಗಿದ್ದ, ಅಂಗೈ ಎರಡೂ ಕರಿ ಹಿಡಿದಿದ್ದವು.

ಶವದ ಮುಂದೆ ನಿಂತು ಪಾದ್ರಿ ಮುಕ್ಕಾಲು ಗಂಟೆ ಮಾತಾಡಿದ. ಯಾವುದೋ ವಿಶ್ವವಿದ್ಯಾಲಯದಲ್ಲಿ ಎರಡು ವರ್ಷ ಬೆಂಚು ಬಿಸಿ ಮಾಡಿ ಬಂದಿದ್ದ ಅವನಿಗೆ ಒಂದೇ ಒಂದು ವಿಚಾರ ದಕ್ಕಿತ್ತು, ಅದನ್ನೇ ಮದುವೆಗೂ ಸಾವಿಗೂ ಹಂದಿ ರೋಗಕ್ಕೂ ಬಡಿಸುತ್ತಿದ್ದ. ದೇವರು ಸೃಷ್ಟಿಸಬಹುದಾಗಿದ್ದ ಲೋಕಗಳು ಲೆಕ್ಕವಿಲ್ಲದಷ್ಟು. ಅವುಗಳಲ್ಲೆಲ್ಲ ಅತ್ಯುತ್ತಮವಾದದ್ದನ್ನೇ ಆರಿಸಿ ನಮಗೆ ಕೊಟ್ಟಿದ್ದಾನೆ. ಇದರೊಳಗಿನ ಒಂದು ಕಲ್ಲು ಕಿತ್ತರೂ ಕಮಾನೇ ಕುಸಿಯುತ್ತದೆ. ಲೊರೆಂಟ್ಸ್‌ನ ಸಾವು ಅಂಥದೊಂದು ಕಲ್ಲು. ಜಾರಿಬಿದ್ದ ಜಟ್ಟಿ ಮೀಸೆ ಮಣ್ಣಾಗಲಿಲ್ಲ ಎಂದನಂತೆ. ಇಲ್ಲಿ ಬಿದ್ದವನು ಒಬ್ಬ, ಮೀಸೆ ತಿರುವಿದವನು ಇನ್ನೊಬ್ಬ. ಸಿಬಿಲ್ಲ ಅಳಲಿಲ್ಲ. ಅಷ್ಟು ಒಳ್ಳೆಯದಾಗಿದೆ ಎಂದು ಎಲ್ಲರೂ ತಲೆದೂಗುತ್ತಿರುವಾಗ ಎಲ್ಲಿ ಅಳುವುದು?

ಗಂಟೆಯವನು ಸತ್ತರೆ ಅವನ ವಿಧವೆಗೆ ಆರು ತಿಂಗಳು ಮನೆ. ಆಮೇಲೆ ಮನೆ ಹೊಸ ಗಂಟೆಯವನದು. ಅವನು ವಿಧವೆಯನ್ನೂ ಮದುವೆಯಾದರೆ ಸರಿ, ಇಲ್ಲವಾದರೆ ಅವಳು ಗಂಟುಮೂಟೆ ಕಟ್ಟಬೇಕು. ಪಾದ್ರಿ ಎಲ್ಲಿಂದಲೋ ಕಾಸ್ಪರ್ ಎಂಬ ದರ್ಜಿಯನ್ನು ಹುಡುಕಿ ತಂದ. ಮನೆ, ಎರಡು ಆಡು, ಗಂಟೆಯ ಹಗ್ಗ, ಸಿಬಿಲ್ಲ, ನಾಲ್ಕನ್ನೂ ಒಂದೇ ದಿನ ಆ ದರ್ಜಿಗೆ ಒಪ್ಪಿಸಲಾಯಿತು. "ನೋಡಿದ್ಯಾ ಮಗಳೇ, ಹೇಗೆ ಎಲ್ಲ ಕೂಡಿ ಬಂತು" ಎಂದ ಪಾದ್ರಿ.

ಕಾಸ್ಪರ್ ಮೆತ್ತಗಿನ ಮನುಷ್ಯ. ಯಾರು ಗದರಿದರೂ ಟೋಪಿ ತೆಗೆದು ನಿಲ್ಲುವವನು. ಬಂದ ಸಂಜೆ ಗೂಟದಲ್ಲಿ ನೇತಾಡುತ್ತಿದ್ದ ಲೊರೆಂಟ್ಸ್‌ನ ಕೋಟು ನೋಡಿ ಕೇಳಿದ: "ಒಳ್ಳೇ ಬಟ್ಟೆ. ಬಿಚ್ಚಿ ನನ್ನ ಅಳತೆಗೆ ಹೊಲ್ಕೊಳ್ಲಾ, ಇಲ್ಲ ಹಾಗೇ ಬಿಡ್ಲಾ?"

"ಹಾಗೇ ಇರ್ಲಿ."

ಅವನು ಮತ್ತೆ ಆ ಮಾತೆತ್ತಲಿಲ್ಲ. ತನ್ನ ಕೋಟಿನ ಮೊಣಕೈಗೆ ತೇಪೆಯ ಮೇಲೆ ತೇಪೆ ಹಾಕಿಕೊಂಡ, ಲೊರೆಂಟ್ಸ್‌ನ ಕೋಟಿಗೆ ಪ್ರತಿ ವಸಂತದಲ್ಲೂ ನುಸಿ ಹಿಡಿಯದಂತೆ ಬ್ರಷ್ ಹಾಕಿಟ್ಟ. ಮೂರನೆಯ ವಸಂತದಲ್ಲಿ ಅವನು ಹಾಗೆ ಬ್ರಷ್ ಹಾಕುವುದನ್ನು ನೋಡುತ್ತಾ ನಿಂತಾಗ, ಈ ಮನುಷ್ಯನನ್ನು ತಾನು ಪ್ರೀತಿಸುತ್ತಿದ್ದೇನೆ ಎಂದು ಸಿಬಿಲ್ಲಳಿಗೆ ಗೊತ್ತಾಯಿತು. ಭಯ ಶುರುವಾದದ್ದೂ ಆ ದಿನವೇ. ಮೋಡ ಬಂದರೆ ಈಗ ಓಡುವವನು ಕಾಸ್ಪರ್.

ಅವಳು ಪಾದ್ರಿಯ ಮನೆಗೆ ಹೋದಳು. ಅವನು ಬರೆಯುತ್ತಾ ಕೂತಿದ್ದ.

"ಪಾದ್ರಿಗಳೇ, ಒಂದು ಮಾತು ಕೇಳ್ಲಾ?"

"ಕೇಳು ಮಗಳೇ."

"ದೇವರು ಮಾಡೋದೆಲ್ಲ ಒಳ್ಳೇದಕ್ಕೇ ಅಲ್ವಾ?"

"ಒಳ್ಳೇದಕ್ಕಲ್ಲ, ಅತ್ಯುತ್ತಮಕ್ಕೆ."

"ಹಂಗಾದ್ರೆ ಮೋಡಾನೂ ಉತ್ತಮವೇ ಆಯ್ತು. ಅದನ್ನ ಯಾಕೆ ಗಂಟೆ ಹೊಡ್ದು ಓಡಿಸ್ಬೇಕು?"

ಪಾದ್ರಿ ಲೇಖನಿ ಕೆಳಗಿಟ್ಟ. "ನಾವು ಗಂಟೆ ಬಾರಿಸೋದೂ ಆ ವ್ಯವಸ್ಥೆಯೊಳಗೇ ಸೇರಿದೆ."

"ಬಾರಿಸ್ದೇ ಇರೋದು?"

"ಅದು ಸೇರಿಲ್ಲ."

"ಅದನ್ನ ನಿಮಗೆ ಯಾರ್ ಹೇಳಿದ್ರು?"

"ಸಿಬಿಲ್ಲ, ನೀನು ಒಂದು ಮೂಲೆ ನೋಡ್ತಿದ್ದೀಯ. ದೇವರು ಪೂರ್ತಿ ನೋಡ್ತಾನೆ."

"ದೇವರು ನೋಡ್ತಾನೆ, ಒಪ್ದೆ. ನೀವು ಎಲ್ಲಿ ನಿಂತ್ಕೊಂಡು ನೋಡಿದ್ರಿ?"

ಮನೆಯಲ್ಲಿ ಬೇಳೆ ಸೀದೀತು, ಹೋಗಿ ನೋಡು ಎಂದು ಪಾದ್ರಿ ಅವಳನ್ನು ಸಾಗಹಾಕಿದ. ಉತ್ತರ ಇಲ್ಲದಾಗ ಹೆಂಗಸರನ್ನು ಒಲೆಯ ಕಡೆ ಅಟ್ಟುವುದಕ್ಕೆ ವಿಶ್ವವಿದ್ಯಾಲಯವೇನೂ ಬೇಕಾಗಿಲ್ಲ.

ಭಯದಲ್ಲೇ ಮೂರು ಬೇಸಿಗೆ ಕಳೆದು ಐವತ್ತೆರಡರ ಜುಲೈ ಬಂತು. ರೈ ಬೆಳೆ ಹೊಂಬಣ್ಣಕ್ಕೆ ತಿರುಗಿತ್ತು, ಇನ್ನು ನಾಲ್ಕು ದಿನಕ್ಕೆ ಕೊಯ್ಲು. ಮಧ್ಯಾಹ್ನದ ಊಟ ಮುಗಿಯುವಷ್ಟರಲ್ಲಿ ಗುಡ್ಡದ ಮೇಲೆ ಮೋಡ ಎದ್ದಿತು, ಸೀಸದ ಬಣ್ಣದ್ದು. ಕಾಸ್ಪರ್ ಸೂಜಿಯನ್ನು ಅಂಗಿಯ ತೋಳಿಗೆ ಸಿಕ್ಕಿಸಿಕೊಂಡು ಎದ್ದ. ಗೋಪುರದ ಬೀಗದ ಕೈ ಮೊಳೆಯಲ್ಲಿರಲಿಲ್ಲ, ಸಿಬಿಲ್ಲಳ ಮುಷ್ಟಿಯಲ್ಲಿತ್ತು.

"ಕೊಡು ಸಿಬಿಲ್ಲ. ಊರು ಸುಮ್ನಿರಲ್ಲ."

"ಸುಮ್ನಿರೋದು ಬೇಡ. ಬೈಸ್ಕೊಳ್ಳೋಕೆ ನೀನು ಬದುಕಿರ್ಬೇಕು, ಅಷ್ಟೇ ನಂಗೆ ಬೇಕಾಗಿರೋದು."

ಅವನು ಬಾಗಿಲಿಗೆ ಅಡ್ಡ ಬರುವ ಮೊದಲೇ ಅವಳು ಹೊರಬಿದ್ದಳು. ನೆಟ್ಟಗೆ ಪಾದ್ರಿಯ ಮನೆಗೆ ನಡೆದಳು. ಕಿಟಕಿಗಳೆಲ್ಲ ಮುಚ್ಚಿದ್ದವು. ಮಲಗುವ ಕೋಣೆಯಲ್ಲಿ ರಜಾಯಿಯ ಗುಡ್ಡೆ, ಅದರ ಒಂದು ತುದಿಯಲ್ಲಿ ಬೂದು ಕಾಲುಚೀಲದ ಎರಡು ಪಾದ.

"ಗೋಪುರದ ಬೀಗದ ಕೈ ತಂದಿದೀನಿ ಪಾದ್ರಿಗಳೇ. ಇವತ್ತು ನೀವೇ ಹೋಗಿ ಬಾರಿಸಿ."

ರಜಾಯಿಯೊಳಗಿಂದ ದನಿ ಬಂತು: "ಪ್ರತಿಯೊಬ್ಬನಿಗೂ ದೇವರು ಅವನವನ ಜಾಗ ಗೊತ್ತು ಮಾಡಿದ್ದಾನೆ."

"ನಿಮಗೆ ಇದಾ?"

ಆ ಎರಡು ಪಾದಗಳೂ ಒಳಕ್ಕೆ ಸರಿದವು. ಸಿಬಿಲ್ಲ ಕುರ್ಚಿ ಎಳೆದು ಬಾಗಿಲಿಗೆ ಅಡ್ಡವಾಗಿ ಹಾಕಿ, ಬೀಗದ ಕೈಯನ್ನು ಮಡಿಲಲ್ಲಿಟ್ಟುಕೊಂಡು ಕೂತಳು. ಕೆಳಗಿನ ಹೊಲಗಳ ಒಡೆಯ, ಊರಿನ ಮುಖಂಡ ಬಾರ್ಟೆಲ್ ಚರ್ಚಿನ ಬಾಗಿಲು ಗುದ್ದುತ್ತಿದ್ದದ್ದು ಇಲ್ಲಿಗೇ ಕೇಳುತ್ತಿತ್ತು. "ಬೀಗದ ಕೈ ಎಲ್ಲೋ ದರ್ಜಿ? ನನ್ನ ಬೆಳೆ ಹೋದ್ರೆ ನಿನ್ನ ಚರ್ಮ ಸುಲೀತೀನಿ." ಟೋಪಿ ಕೈಯಲ್ಲಿ ಹಿಡಿದು ಮಳೆಯಲ್ಲಿ ನಿಂತ ಕಾಸ್ಪರ್ ಗೊತ್ತಿಲ್ಲ ಗೊತ್ತಿಲ್ಲ ಎನ್ನುತ್ತಿದ್ದ. ಬದುಕಿನಲ್ಲಿ ಅವನು ಹೇಳಿದ ದೊಡ್ಡ ಸುಳ್ಳು ಅದೊಂದೇ.

ಆಮೇಲೆ ಗೋಪುರಕ್ಕೆ ಸಿಡಿಲು ಹೊಡೆಯಿತು. ಮಾಡಿನ ಹಲಗೆಗಳು ಹಾರಿದವು, ಹಗ್ಗ ಮೇಲಿಂದ ಕೆಳಗಿನವರೆಗೆ ಉರಿದು ಬೂದಿಯಾಯಿತು, ದೊಡ್ಡ ಗಂಟೆ ಬಾಯಿಂದ ಭುಜದ ತನಕ ಸೀಳಿತು. ಗಂಟೆಯವನು ಕಾಲೂರುವ ಚಪ್ಪಡಿ ಎರಡು ಹೋಳಾಗಿತ್ತು. ಅದರ ಬೆನ್ನಿಗೇ ಆಲಿಕಲ್ಲು ಬಿದ್ದು ಕೆಳಗಿನ ಹೊಲಗಳ ರೈ ನೆಲಕಚ್ಚಿತು. ಪಕ್ಕದೂರಿನವರು ಆ ಮಧ್ಯಾಹ್ನವೆಲ್ಲ ಬಿಡದೆ ಗಂಟೆ ಬಾರಿಸಿದ್ದರು. ಅವರ ರೈಯೂ ನೆಲಕಚ್ಚಿತು.

ಬಾರ್ಟೆಲ್‌ಗೆ ಮಾತ್ರ ತನ್ನ ರೈ ಕಂಡಿತೇ ಹೊರತು ಸೀಳಿದ ಚಪ್ಪಡಿ ಕಾಣಲಿಲ್ಲ. ದರ್ಜಿಯನ್ನು ಊರಿಂದ ಓಡಿಸಬೇಕೆಂದು ಜನ ಸೇರಿಸಿದ. ಭಾನುವಾರ ಎಲ್ಲರೂ ಮುಷ್ಟಿ ಬಿಗಿದುಕೊಂಡೇ ಚರ್ಚಿಗೆ ಬಂದರು. ಆಗ ಪಾದ್ರಿ ಎದ್ದು ನಿಂತ, ದುಂಡಗೆ, ಗುಲಾಬಿ ಬಣ್ಣಕ್ಕೆ, ಆ ಮಧ್ಯಾಹ್ನವೆಲ್ಲ ಮೋಡದ ಜೊತೆ ಕುಸ್ತಿ ಮಾಡಿ ಬಂದವನ ಠೀವಿಯಲ್ಲಿ.

ಬೀಗದ ಕೈಯನ್ನು ಅಡಗಿಸಿದ್ದು ದೇವರು ಎಂದ. ಮನುಷ್ಯರ ಕೈ ಅದರಲ್ಲಿ ಏನೇನೂ ಇರಲಿಲ್ಲ ಎಂದ. ಗಂಟೆ ಬಾರಿಸಿದ್ದರೆ ಒಬ್ಬ ಸಾಯುತ್ತಿದ್ದ; ಬಾರಿಸದ್ದರಿಂದ ರೈ ಸತ್ತಿತು; ರೈ ಮತ್ತೆ ಬೆಳೆಯುತ್ತದೆ; ಆದ್ದರಿಂದ ಆದದ್ದು ಅತ್ಯುತ್ತಮ. ರಜಾಯಿಯ ವಿಷಯ, ಕುರ್ಚಿಯ ವಿಷಯ ತುಟಿಗೆ ಬರಲಿಲ್ಲ. ಸಿಬಿಲ್ಲ ಮಾಡಿದ್ದನ್ನು ಕದ್ದು ದೇವರ ಹೆಸರಿಗೆ ಹಾಕಿದ. ಪಾಪ, ದೇವರನ್ನೂ ಕಳ್ಳಮಾಲು ಇಟ್ಟುಕೊಳ್ಳುವವನನ್ನಾಗಿ ಮಾಡಿದ. ದೇವರೇ ಅಡಗಿಸಿದ ಮೇಲೆ ಬಾರ್ಟೆಲ್ ಯಾರ ಚರ್ಮ ಸುಲಿಯಬೇಕು? ಕತ್ತು ಕೆರೆದುಕೊಂಡು ಕೂತ.

ಕಾಸ್ಪರ್ ಪಾದ್ರಿಯ ಕೈಗೆ ಮುತ್ತಿಟ್ಟ. ಹೆಂಗಸರ ಸಾಲಿನಲ್ಲಿ ಕೂತ ಸಿಬಿಲ್ಲಳಿಗೆ ಅದು ಬಾಯಲ್ಲಿಟ್ಟ ಬಿಸಿ ತುಪ್ಪವಾಯಿತು. ಬಾಯಿ ಬಿಟ್ಟರೆ ಪಾದ್ರಿಯ ಮಾನ ಹೋಗುತ್ತಿತ್ತು, ಜೊತೆಗೆ ಕಾಸ್ಪರ್‌ನ ಕೆಲಸವೂ. ನುಂಗಿಕೊಂಡಳು.

ದೊಡ್ಡದು ಸೀಳಿದ ಮೇಲೆ ಉಳಿದಿದ್ದ ಸಣ್ಣ ಗಂಟೆಗೆ ಮೋಡ ಹೆದರುವುದಿಲ್ಲ ಎಂದು ಊರಿನ ಹಿರಿಯರು ತೀರ್ಮಾನಿಸಿದ್ದರಿಂದ ಮುಂದಿನ ಬೇಸಿಗೆ ಕಾಸ್ಪರ್ ಬಚಾವಾದ. ಐವತ್ನಾಲ್ಕರ ವಸಂತದಲ್ಲಿ ಎರಡು ಸಾಮಾನು ಒಟ್ಟಿಗೆ ಊರಿಗೆ ಬಂದವು, ಗಾಡಿಯ ಮೇಲೆ ಹೊಸ ದೊಡ್ಡ ಗಂಟೆ, ಅದರ ಪಕ್ಕದ ಪೆಟ್ಟಿಗೆಯಲ್ಲಿ ಅಚ್ಚಾದ ಪಾದ್ರಿಯ ಪುಸ್ತಕ. ಮಾರನೆಯ ದಿನ ಪಾದ್ರಿ ತಾನೇ ಗಂಟೆಮನೆಗೆ ಬಂದು ಒಂದು ಪ್ರತಿ ಕೊಟ್ಟ.

"ನಿಮ್ಮ ಮನೆ ವಿಷಯವೂ ಇದೆ ಸಿಬಿಲ್ಲ. ಹನ್ನೊಂದು ಮತ್ತು ಹನ್ನೆರಡನೇ ಉದಾಹರಣೆ ನೋಡು."

ಅವಳು ನಿಂತಲ್ಲೇ ಓದಿದಳು. ಹನ್ನೊಂದನೆಯದು ಲೊರೆಂಟ್ಸ್: ಒಬ್ಬ ಗಂಟೆಯವನು ಸಿಡಿಲಿಗೆ ಸಿಕ್ಕಿ ಸತ್ತ, ಅದರಿಂದ ಊರಿಗೆ ಪಶ್ಚಾತ್ತಾಪವೂ ವಿಧವೆಗೆ ಹೊಸ ಆಸರೆಯೂ ದೊರೆತು ಲೋಕದ ಉತ್ತಮತೆ ಸಾಬೀತಾಯಿತು. ಹನ್ನೆರಡನೆಯದು ಕಾಸ್ಪರ್: ಅದೇ ಗೋಪುರದ ಇನ್ನೊಬ್ಬ ಗಂಟೆಯವನು ಸಿಡಿಲಿನಿಂದ ಪಾರಾದ, ಅದರಿಂದ ಲೋಕದ ಉತ್ತಮತೆ ಸಾಬೀತಾಯಿತು.

"ಪಾದ್ರಿಗಳೇ, ಆವತ್ತು ಕಾಸ್ಪರ್ ಸತ್ತೇ ಹೋಗಿದ್ದಿದ್ರೆ ಈ ಪುಸ್ತಕದಲ್ಲಿ ಏನು ಬದಲಾಗ್ತಿತ್ತು?"

ಪಾದ್ರಿಗೆ ಇದು ಕೊಂಕು ಅನ್ನಿಸಲಿಲ್ಲ, ಹೊಗಳಿಕೆ ಅನ್ನಿಸಿತು. ಮುಖ ಅರಳಿಸಿಕೊಂಡು ಹೇಳಿದ: "ಉದಾಹರಣೆ ಬದಲಾಗ್ತಿತ್ತು. ಸಿದ್ಧಾಂತದಲ್ಲಿ ಒಂದಕ್ಷರವೂ ಬದಲಾಗ್ತಿರಲಿಲ್ಲ. ಅದೇ ಅಲ್ವೇ ಅದರ ಶಕ್ತಿ?"

"ಹೂಂ. ನನ್ನ ಗಂಡ ದರ್ಜಿ. ಎಲ್ಲರ ಮೈಗೂ ಆಗೋ ಅಂಗಿ ಅಂತ ಯಾರಾದ್ರೂ ಮಾರೋಕೆ ಬಂದ್ರೆ, ಅದು ಅಂಗಿ ಅಲ್ಲ ಕಣೇ, ಗೋಣಿಚೀಲ ಅಂತಾನೆ."

ಪಾದ್ರಿ ಅದನ್ನೂ ತಮಾಷೆಯೆಂದೇ ತಿಳಿದು ನಕ್ಕ. ಹೋಗುವಾಗ, ಮೋಡಗಳ ಕಾಲ ಬರುತ್ತಿದೆ, ಹೊಸ ಗಂಟೆಗೆ ಒಳ್ಳೆಯ ಹಗ್ಗ ನೋಡಿಡಲು ಕಾಸ್ಪರ್‌ಗೆ ಹೇಳು ಎಂದ.

ಕಾಸ್ಪರ್ ಹೊಲಿಗೆಯ ಮೇಜಿನ ಮೇಲೆ ಚಕ್ಕಂಬಕ್ಕಲ ಹಾಕಿ ಕೂತು ಎಲ್ಲ ಕೇಳಿಸಿಕೊಂಡಿದ್ದ. ಪುಸ್ತಕ ತೆಗೆದುಕೊಂಡು, ಸಾಲಿನ ಕೆಳಗೆ ಬೆರಳಿಟ್ಟು ನಿಧಾನವಾಗಿ ಓದಿದ.

"ಈ ಹನ್ನೆರಡನೇದು ನಾನಾ?"

"ನೀನೇ."

"ನಾನು ಸತ್ತಿದ್ರೆ ಇವರಿಗೆ ಒಂದಕ್ಷರವೂ ಕಮ್ಮಿ ಆಗ್ತಿರ್ಲಿಲ್ವಾ?"

"ಅವರ ಬಾಯಿಂದಲೇ ಕೇಳಿದ್ಯಲ್ಲ."

ಅವನು ಪುಸ್ತಕ ಮುಚ್ಚಿಟ್ಟ. "ನಿಂಗೆ?"

"ನಂಗೆ ಎಲ್ಲಾನೂ ಹೋಗ್ತಿತ್ತು ಕಾಸ್ಪರ್."

ಕಾಸ್ಪರ್ ಮೇಜಿನಿಂದ ಇಳಿದು ಬೂಟು ಹಾಕಿಕೊಂಡ. ಪಾದ್ರಿಯ ಹೊಸ್ತಿಲಲ್ಲಿ ನಿಂತು, ಜೀವಮಾನದಲ್ಲಿ ಮೊದಲ ಸಲ ಟೋಪಿ ತೆಗೆಯದೆ, ಗಂಟೆಯ ಕೆಲಸ ತನಗೆ ಬೇಡ ಎಂದ. ಅದೂ ಒಳ್ಳೆಯದಕ್ಕೇ ಎಂದು ಪಾದ್ರಿ ಶುರುಮಾಡಿದ. "ಇರ್ಬಹುದು ಪಾದ್ರಿಗಳೇ, ಆದ್ರೆ ಅದನ್ನ ನೀವು ಹೇಳೋದು ಬೇಡ" ಎಂದು ದರ್ಜಿ ತಿರುಗಿ ಬಂದ.

ಮನೆ ಹೋಯಿತು. ಎರ್ಫುರ್ಟ್ ಪೇಟೆಯಲ್ಲಿ ಅಟ್ಟದ ಮೇಲಿನ ಒಂದು ಕೋಣೆ ಹಿಡಿದರು, ಹೊಗೆ, ಚಳಿ, ಎಲೆಕೋಸಿನ ವಾಸನೆ. ಅಲ್ಲಿಯೂ ಗಂಟೆಗಳು ಬೇಕಾದಷ್ಟಿದ್ದವು, ಬಾರಿಸುವವರು ಬೇರೆ ಯಾರದೋ ಗಂಡಂದಿರು. ಗುಡುಗಿದಾಗಲೆಲ್ಲ ಸಿಬಿಲ್ಲ ಅವರಿಗಾಗಿ ಪ್ರಾರ್ಥನೆ ಮಾಡಿದಳು, ಕಾಸ್ಪರ್‌ನ ತೋಳು ಹಿಡಿದುಕೊಂಡು. ಹಾಗೆ ಇಪ್ಪತ್ತೊಂಬತ್ತು ವರ್ಷ ಅವನ ತೋಳು ಅವಳಿಗೆ ಸಿಕ್ಕಿತು.

ಎಂಬತ್ತಮೂರರ ಚಳಿಗಾಲದಲ್ಲಿ ಕಾಸ್ಪರ್ ಕೆಮ್ಮಿಗೆ ಸಿಕ್ಕಿ, ಹಾಸಿಗೆಯಲ್ಲಿ, ಅವಳ ಕೈ ಹಿಡಿದು ಸತ್ತ. ಚರ್ಚಿನಿಂದ ಎಳೆ ವಯಸ್ಸಿನ ಒಬ್ಬ ಪಾದ್ರಿ ಬಂದು ಹಾಸಿಗೆಯ ಪಕ್ಕ ನಿಂತ. "ಅಜ್ಜಿ, ದೇವರು ಮಾಡೋದೆಲ್ಲ..." ಎಂದು ಆರಂಭಿಸಿದ.

ಸಿಬಿಲ್ಲ ಕೈ ಎತ್ತಿ ತಡೆದಳು. "ಅದು ಬೇಡಪ್ಪ. ಕೆಟ್ಟದಾಯ್ತು ಅನ್ನು. ಅಷ್ಟು ಸಾಕು."

ಆ ಹುಡುಗ ಬಾಗಿಲ ಕಡೆ ನೋಡಿದ, ಸತ್ತವನ ಮುಖ ನೋಡಿದ. ಆಮೇಲೆ ಹೊಲಿಗೆಯ ಮೇಜಿನ ಅಂಚಿಗೆ ಅವಳ ಪಕ್ಕ ಕೂತು ಮೆಲ್ಲಗೆ ಹೇಳಿದ: "ಕೆಟ್ಟದಾಯ್ತು ಅಜ್ಜಿ. ತುಂಬ ಕೆಟ್ಟದಾಯ್ತು."

ಆಗ ಸಿಬಿಲ್ಲ ಅತ್ತಳು. ಕಾಸ್ಪರ್‌ಗಾಗಿ ಅತ್ತಳು, ಲೊರೆಂಟ್ಸ್‌ಗಾಗಿಯೂ ಅತ್ತಳು, ಕತ್ತಲಾಗುವ ತನಕ.