ಎರಡು ಹೆಸರಿನ ಪೈಲ್ವಾನ

ತೆರೆಯ ಮೇಲೆ ಕಂಬ ಉರುಳಿದ್ದು ಮೊದಲೋ, ಹೆಂಡತಿ ಕೂಗಿದ್ದು ಮೊದಲೋ, ಈಗ ಖಚಿತವಾಗಿ ಹೇಳಲಾರೆ. ತೊಂಬತ್ತರ ದಶಕದಲ್ಲಿ ನಾವು ಸಿಂಗಪುರದ ಜುರಾಂಗ್ ವೆಸ್ಟ್‌ನಲ್ಲಿದ್ದೆವು. ಟಿವಿಯಲ್ಲಿ ಇಟಲಿಯ ಹಳೆಯ ಕತ್ತಿ ಕಾಳಗದ ಚಿತ್ರವೊಂದು ಇಂಗ್ಲಿಷಿಗೆ ಡಬ್ ಆಗಿ ಬರುತ್ತಿತ್ತು. ನಾಯಕನ ಎದೆಗೆ ಹಚ್ಚಿದ್ದ ಎಣ್ಣೆಯಲ್ಲಿ ಒಂದು ಮದುವೆಗಾಗುವಷ್ಟು ಬೋಂಡಾ ಕರಿಯಬಹುದಿತ್ತು. ತುಟಿ ನಿಂತ ಮೇಲೂ ಅವನ ಮಾತು ನಿಲ್ಲುತ್ತಿರಲಿಲ್ಲ.

“ರೀ, ಮದುವೆ ಆದ್ಮೇಲೆ ಮೈಸೂರಲ್ಲಿ ನೀವು ನನ್ನ ಕರ್ಕೊಂಡು ಹೋದ ಫಸ್ಟ್ ಪಿಕ್ಚರ್ ಇದೇ!”

“ಛೆ, ಅದರ ಹೀರೊ ಗ್ರೀಕ್ ದೇವರ ಮಗ. ಈ ಕಸದಂಥ ಪಿಕ್ಚರ್‌ನಲ್ಲಿರೋನು ಬೈಬಲ್‌ನವನು. ಹೆಸರೇ ಬೇರೆ,” ಎಂದೆ.

“ಹೆಸರು ಬೇರೆ ಆದ್ರೆ ತೊಡೆ ಬೇರೆ ಆಗತ್ತಾ? ಹಾಗಾದ್ರೆ ನಾನು ಯಾರ ಜೊತೆ ಹೋಗಿದ್ದೆ, ನೀವೇ ಹೇಳಿ!”

ನಗುತ್ತ ಶುರುಮಾಡಿದವಳ ಕಣ್ಣು ತುಂಬಿತ್ತು. ಆ ದಿನ ನನ್ನನ್ನು ಊಟಕ್ಕೂ ಕರೆಯಲಿಲ್ಲ.

ಅವಳದ್ದೇ ತಪ್ಪೆಂದು ತೋರಿಸಲು ಮರುವಾರ ಲೈಬ್ರರಿಗೆ ಹೋಗಿ ದಪ್ಪನೆಯ ಸಿನಿಮಾ ಕೋಶ ತೆರೆದೆ. ಎರಡೂ ಒಂದೇ ಚಿತ್ರ. ಹೊರದೇಶಗಳಲ್ಲಿ ಬಿಡುಗಡೆ ಮಾಡುವಾಗ ಒಂದು ಕಡೆ ಅದರ ನಾಯಕನನ್ನು ಗ್ರೀಕ್ ವೀರನೆಂದೂ ಇನ್ನೊಂದು ಕಡೆ ಬೈಬಲ್ ವೀರನೆಂದೂ ಕರೆದಿದ್ದರು.